ಮುಹರ್ರಕ್ ಓಣಿಯ ಸಿಸ್ಟರ್

ಆಕೆ ಅತಿಥಿಗಳ ಮುಖ ನೋಡುತ್ತಿರಲಿಲ್ಲ, ಮೊದಲು ಕಾಲು ನೋಡುತ್ತಿದ್ದರು. ನನ್ನ ಕಾರಿನಿಂದ ಜರ್ಮನಿಯವರೋ ಇಟಲಿಯವರೋ ಇಳಿಯುತ್ತಿದ್ದಂತೆ ಆಕೆಯ ಕಣ್ಣು ಅವರ ಪಾದದ ಗಂಟಿನ ಮೇಲೆ. "ಆ ಅಜ್ಜನ ಕಾಲಲ್ಲಿ ನೀರು ತುಂಬಿದೆ ಮಾರಾಯ್ರೆ. ಇವತ್ತು ಅರ್ಧ ಓಣಿ ಸಾಕು," ಎಂದು ನನಗೆ ಮಾತ್ರ ಕೇಳುವ ಹಾಗೆ ಹೇಳುವರು. ಆಮೇಲೆ ತಲೆ ಎತ್ತಿ, ನಗು ತಂದುಕೊಂಡು, "ವೆಲ್‌ಕಮ್ ಟು ಮುಹರ್ರಕ್."

ಹೋದ ತಿಂಗಳು ಊರಿನಿಂದ ಸುದ್ದಿ ಬಂತು, ಸಿಸ್ಟರ್ ತೀರಿಕೊಂಡರು ಎಂದು. ಸಿಸ್ಟರ್ ಎಂದರೆ ಮಠದ ಸಿಸ್ಟರ್ ಅಲ್ಲ, ಆಸ್ಪತ್ರೆಯ ಸಿಸ್ಟರ್. ಇಲ್ಲಿನ ನಮ್ಮ ಕನ್ನಡ ಸಂಘದವರು ವಾರ್ಷಿಕ ಸಂಚಿಕೆಗೆ ನಾಲ್ಕು ಮಾತು ಬರೆದುಕೊಡಿ, ಒಂದು ಫೋಟೋ ಮತ್ತು ಪೂರ್ತಿ ಹೆಸರು ಇರಲಿ ಎಂದರು. ನಾಲ್ಕು ಮಾತು ಕೊಡುತ್ತೇನೆ, ಹೆಸರು ಕೊಡುವುದಿಲ್ಲ ಎಂದೆ. ಒಂದು ಮನೆಯ ಮಾತು ಹೊರಗೆ ಬಂದದ್ದಕ್ಕೇ ಆಕೆ ಅಷ್ಟು ಅನುಭವಿಸಿದ್ದು. ಆದ್ದರಿಂದ ಇಲ್ಲಿ ಆಕೆಯ ಹೆಸರೂ ಇಲ್ಲ, ಆ ಮನೆ ಯಾವ ಓಣಿಯಲ್ಲಿದೆ ಎಂಬ ಗುರುತೂ ಇಲ್ಲ. ಸಂಘದವರಿಗೆ ಇದು ಹಿಡಿಸಲಿಲ್ಲ. ಹಿಡಿಸದಿದ್ದರೆ ಬಿಡಲಿ.

ನಾನು ಟೂರ್ ಆಫೀಸಿನ ಡ್ರೈವರ್. ಉಳ್ಳಾಲದ ಕಡೆಯವನು, ಇರುವುದು ಈ ಗಲ್ಫ್ ದ್ವೀಪದ ಸಲ್ಮಾಬಾದಿನ ಒಂದು ಕೋಣೆಯಲ್ಲಿ. ಹಡಗಿನಲ್ಲಿ ಬಂದ ಅತಿಥಿಗಳನ್ನು ಬಂದರಿನಿಂದ ಕರೆತಂದು ಹಳೇ ಪೇಟೆಯ ಬಾಯಲ್ಲಿ ಇಳಿಸುವುದು, ಅವರು ನಡೆದು ಬರುವ ತನಕ ಕಾಯುವುದು ನನ್ನ ಕೆಲಸ. ಕಾಯುವುದು ಬೇಜಾರಾಗಿ ನಾನೂ ಹಿಂದಿನಿಂದ ನಡೆಯಲು ಶುರು ಮಾಡಿದೆ. ಮನೆಯಲ್ಲಿ ಆಕೆಯದು ಕೊಂಕಣಿ, ನನ್ನದು ನಮ್ಮ ಕರಾವಳಿ ಮುಸ್ಲಿಮರ ಬ್ಯಾರಿ. ಇಬ್ಬರೂ ಸೇರಿದರೆ ಅರ್ಧ ತುಳು, ಅರ್ಧ ಕನ್ನಡ. ನನ್ನನ್ನು "ಬ್ಯಾರಿಗಳೇ" ಎಂದು ಬಹುವಚನ ಹಚ್ಚಿಯೇ ಕರೆಯುತ್ತಿದ್ದರು. ಆ ಬಹುವಚನದ ಬೆನ್ನಿಗೇ ಬೈಗುಳವೂ ಬರುತ್ತಿತ್ತು. "ಬ್ಯಾರಿಗಳೇ, ಎಂತ ಹೊಟ್ಟೆ ಅದು? ಆ ಸಮೋಸ ಇಡಿ ಕೆಳಗೆ. ಶುಗರ್ ಬಂದ್ರೆ ನಿಮ್ಮ ಕಾಲು ಕಟ್ಲಿಕ್ಕೆ ನಾನು ಬರುದಿಲ್ಲ."

ಆಕೆ ಇಲ್ಲಿಗೆ ಬಂದದ್ದು ಚಿಕ್ಕ ಪ್ರಾಯದಲ್ಲಿ, ದೊಡ್ಡ ಆಸ್ಪತ್ರೆಯ ನರ್ಸಾಗಿ. ಆಮೇಲೆ ಎಷ್ಟೋ ವರ್ಷ ಮುಹರ್ರಕ್‌ನ ಮನೆಮನೆಗೆ ಹೋಗಿ ಹಾಸಿಗೆ ಹಿಡಿದವರನ್ನು ನೋಡಿಕೊಂಡರು. ಸಕ್ಕರೆ ಕಾಯಿಲೆಯ ಹುಣ್ಣು ತೊಳೆಯುವುದು, ಪಟ್ಟಿ ಕಟ್ಟುವುದು, ಮಗ್ಗುಲು ಬದಲಿಸುವುದು. ತಮ್ಮಂದಿರು ಒಂದು ದಡ ಸೇರುವಷ್ಟರಲ್ಲಿ ಮದುವೆಯ ಪ್ರಾಯ ದಾಟಿತ್ತು. ನಿವೃತ್ತಿಯಾದಾಗ ಎಲ್ಲರೂ ಊರಿಗೆ ಹೋಗುತ್ತಾರೆ ಎಂದುಕೊಂಡರು, ಆಕೆ ಹೋಗಲಿಲ್ಲ. ನಮ್ಮ ಟೂರ್ ಆಫೀಸಿನ ಮಾಲೀಕನ ತಾಯಿಯನ್ನು ಆಕೆಯೇ ಕೊನೆಯವರೆಗೆ ನೋಡಿಕೊಂಡಿದ್ದರು. ಆ ಋಣಕ್ಕೆ ಆತ ವೀಸಾ ಕೊಟ್ಟ. ಪೇಟೆಯ ಓಣಿಗಳೆಲ್ಲ ಗೊತ್ತಿದ್ದವು, ಇಂಗ್ಲಿಷು ಅರಬ್ಬಿ ಬರುತ್ತಿತ್ತು. ಗೈಡ್ ಆದರು. ಈಸಾ ಟೌನ್‌ನಲ್ಲಿ ನಮ್ಮೂರ ಒಂದು ಕ್ರಿಶ್ಚಿಯನ್ ಕುಟುಂಬದ ಜೊತೆ ಒಂದು ಕೋಣೆ, ಬಿಳಿ ಕ್ಯಾನ್ವಾಸ್ ಶೂ, ಹೆಗಲಿಗೊಂದು ಚೀಲ. ಚೀಲದಲ್ಲಿ ನಕ್ಷೆ ಇರುತ್ತಿರಲಿಲ್ಲ; ಬ್ಯಾಂಡೇಜು, ಗ್ಲೂಕೋಸ್ ಬಿಸ್ಕೆಟು ಇರುತ್ತಿದ್ದವು.

ಒಂದು ಸಲಕ್ಕೆ ಒಂದೇ ಕುಟುಂಬ. ಅದಕ್ಕಿಂತ ಹೆಚ್ಚು ಜನರನ್ನು ಒಪ್ಪುತ್ತಿರಲಿಲ್ಲ. "ವಾರ್ಡಲ್ಲಿ ಮೂವತ್ತು ಜನರನ್ನು ನೋಡಿ ನೋಡಿ ಸಾಕಾಗಿದೆ," ಎನ್ನುವರು. ಬಿಸಿಲಿನ ಬದಿಯಲ್ಲಿ ತಾವು ನಡೆದು ನೆರಳಿನ ಬದಿ ಅತಿಥಿಗಳಿಗೆ ಬಿಡುವರು. ಬೇರೆ ಗೈಡುಗಳು ಮುತ್ತಿನ ವ್ಯಾಪಾರದ ಇತಿಹಾಸವನ್ನು ಇಸವಿ ಸಮೇತ ಒಪ್ಪಿಸುತ್ತಿದ್ದರೆ, ಈಕೆ ಹೇಳುವುದು ಹೀಗೆ: "ಈ ಮನೆಯ ಮೆಟ್ಟಿಲು ಬಹಳ ಕಡಿದು, ನನ್ನ ಮೊಣಕಾಲು ಹಾಳಾದದ್ದು ಇಲ್ಲೇ. ಈ ಮನೆಯಲ್ಲಿ ಮೇಲಿನ ಗಾಳಿಯನ್ನು ಒಳಗಿಳಿಸುವ ಗಾಳಿಗೋಪುರ ಉಂಟು, ಅದರ ಕೆಳಗೆ ಮಧ್ಯಾಹ್ನ ಮಲಗಿದರೆ ಜ್ವರ ಇಳಿಯುತ್ತದೆ. ಈ ಮನೆಯಲ್ಲಿ ಮೀನು ಬಹಳ ಚೆನ್ನಾಗಿ ಮಾಡುತ್ತಿದ್ದರು." ಇಷ್ಟೇ. ಯಾರು ಮಲಗಿದ್ದರು, ಯಾವ ಕಾಯಿಲೆ, ಯಾರು ಯಾರ ಜೊತೆ ಮಾತು ಬಿಟ್ಟಿದ್ದರು, ಅದನ್ನು ಕೇಳಿದರೆ ಒಂದು ಅಕ್ಷರ ಇಲ್ಲ. ನಾನೂ ಕೆದಕಿದ್ದೇನೆ, ಸುಳ್ಳು ಯಾಕೆ. "ಪಟ್ಟಿ ಕಟ್ಟಿದ ಮೇಲೆ ಒಳಗೆ ಎಂತ ಉಂಟು ಅಂತ ತೋರಿಸ್ಲಿಕ್ಕಿಲ್ಲ ಬ್ಯಾರಿಗಳೇ," ಎಂದು ಬಾಯಿ ಮುಚ್ಚಿಸಿದ್ದರು.

ಒಮ್ಮೆ ಒಂಟಿಯಾಗಿ ಬಂದ ಒಬ್ಬ ಮುದುಕ, ಯುರೋಪಿನ ಹಳೇ ಪೇಟೆಗಳನ್ನೆಲ್ಲ ಹೀಗೇ ಗೈಡ್ ಇಟ್ಟುಕೊಂಡು ನಡೆದು ಮುಗಿಸಿದವನು, ಅರ್ಧ ದಾರಿಯಲ್ಲಿ ನಿಂತುಬಿಟ್ಟ. ಅವನ ಊರಿನ ಪೇಟೆಯಲ್ಲಿ ದೊಡ್ಡ ಚರ್ಚು, ಗಡಿಯಾರದ ಗೋಪುರ, ಚೌಕ ಎಲ್ಲ ಇವೆಯಂತೆ. ಅಲ್ಲಿ ಗೈಡುಗಳು ಬಣ್ಣದ ಕೊಡೆ ಎತ್ತಿ ಹಿಡಿದು ಮುಂದೆ ನಡೆಯುತ್ತಾರಂತೆ. ಇಲ್ಲಿ ನೋಡಿದರೆ ಬರೀ ಗೋಡೆ, ನಿನ್ನ ಕೈಯಲ್ಲಿ ಕೊಡೆಯೂ ಇಲ್ಲ ಎಂದ. "ಇಬ್ಬರಿಗೆ ಎಂಥ ಕೊಡೆ? ನಾನು ಕಳೆದುಹೋದರೆ ನೀವೇ ಹುಡುಕಿ," ಎಂದರು ಸಿಸ್ಟರ್. "ನಿಮ್ಮಲ್ಲಿ ಹೊರಗೆ ನಿಂತು ನೋಡುವುದು. ಇಲ್ಲಿ ಎಲ್ಲ ಒಳಗೆ ಇರುವುದು. ಬನ್ನಿ." ಹಾಗೆ ಕರೆದುಕೊಂಡು ಹೋದದ್ದು ಆ ಮನೆಗೆ.

ಆ ಮನೆಯೇ ಆಕೆಯ ಟೂರಿನ ಕೊನೆ. ಹವಳಕಲ್ಲಿನ ದಪ್ಪ ಗೋಡೆ, ಕಬ್ಬಿಣದ ಗುಬ್ಬಿ ಹೊಡೆದ ಹಳೇ ಬಾಗಿಲು, ಒಳಗೆ ಅಂಗಳ, ಅಂಗಳದಲ್ಲಿ ಒಂದು ಬೋರೆ ಮರ. ಅಲ್ಲಿ ಒಬ್ಬ ಮುದುಕಿ. ಎಲ್ಲರಿಗೂ ಆಕೆ ಯುಮ್ಮಾ, ಅಮ್ಮ. ಆಕೆಯ ಗಂಡ ಮಹಡಿಯ ಕೋಣೆಯಲ್ಲಿ ವರ್ಷಗಟ್ಟಲೆ ಮಲಗಿ ತೀರಿಕೊಂಡಾಗ ನೋಡಿಕೊಂಡದ್ದು ಸಿಸ್ಟರ್. ಆಮೇಲೆ ಯುಮ್ಮಾನ ಕಾಲಿನ ಹುಣ್ಣಿಗೆ ಪಟ್ಟಿ ಕಟ್ಟಿದ್ದೂ ಸಿಸ್ಟರ್. ನಿವೃತ್ತಿಯಾದ ಮೇಲೂ ವಾರಕ್ಕೆರಡು ಸಲ ಹೋಗಿ ಕಾಲು ತೊಳೆದು ಬರುತ್ತಿದ್ದರು, ಯಾರೂ ಹೇಳದೆಯೇ. ಸಿಸ್ಟರ್ ಬಾಗಿಲಲ್ಲಿ ಸಲಾಂ ಹೇಳಿದರೆ ಒಳಗಿನಿಂದ "ಬಿಂತಿ" ಎಂದು ಕೂಗು. ಬಿಂತಿ ಎಂದರೆ ನನ್ನ ಮಗಳೇ. "ಬಿಂತಿ, ಇಷ್ಟು ತಡ ಯಾಕೆ? ಇವತ್ತು ಎಲ್ಲಿಯವರನ್ನು ಹಿಡಿದು ತಂದೆ?" ಆಮೇಲೆ ಗಹ್ವಾ, ಅದೇ ಏಲಕ್ಕಿಯ ಕಹಿ ಕಾಫಿ, ಜೊತೆಗೆ ಖರ್ಜೂರ, ಒಂದು ತಟ್ಟೆ ಹಲ್ವಾ. ಕೊಡೆ ಕೇಳಿದ್ದ ಆ ಮುದುಕ ಹೊರಡುವಾಗ ಯುಮ್ಮಾನಿಗೆ ಬಗ್ಗಿ ನಮಸ್ಕಾರ ಮಾಡಿದ.

ಊರಿಗೆ ಯಾಕೆ ಹೋಗುವುದಿಲ್ಲ ಎಂದು ಒಮ್ಮೆ ಕೇಳಿದೆ. ಕಾರಿನ ಕಿಟಕಿಯಿಂದ ಹೊರಗೆ ನೋಡುತ್ತಾ ಹೇಳಿದರು: "ಊರಲ್ಲಿ ನಾನು ತಮ್ಮನ ಮನೆಗೆ ಹೋದ್ರೆ ಅವನ ಹೆಂಡತಿ ಹೊಸ ಬೆಡ್‌ಶೀಟ್ ಹಾಕ್ತಾಳೆ, ಒಳ್ಳೆ ಕಪ್ಪು-ಬಸಿ ತೆಗೀತಾಳೆ. ನೆಂಟರಿಗೆ ಮಾಡಿದ ಹಾಗೆ. ಯುಮ್ಮಾ ನನಗೆ ಬೈತಾರೆ ಮಾರಾಯ್ರೆ. ತಡ ಆದ್ರೆ ಬೈತಾರೆ, ಸಪೂರ ಆದ್ರೆ ಬೈತಾರೆ. ಆ ಬಾಗಿಲು ಇರುವ ತನಕ ನಾನು ಎಲ್ಲಿಗೂ ಹೋಗುದಿಲ್ಲ." ಅಷ್ಟು ನೇರವಾಗಿ ಆಕೆ ತಮ್ಮ ವಿಷಯ ಹೇಳಿಕೊಂಡದ್ದು ಅದೊಂದೇ ಸಲ.

ಆ ಬಾಗಿಲು ಮುಚ್ಚಿದ್ದು ಒಬ್ಬ ಒಳ್ಳೆಯ ಹುಡುಗಿಯಿಂದ. ಬೆಂಗಳೂರಿನವಳು, ಜರ್ಮನಿಯಲ್ಲಿ ಕೆಲಸ. ಊರಿಗೆ ಹೋಗುವ ದಾರಿಯಲ್ಲಿ ಎರಡು ದಿನ ಇಲ್ಲಿ ಉಳಿದಿದ್ದಳು. ಗೈಡ್ ಕನ್ನಡದವರು ಎಂದು ಗೊತ್ತಾದದ್ದೇ ತಡ ಕುಣಿದಾಡಿಬಿಟ್ಟಳು. "ಆಂಟಿ, ರಿಯಲಿ? ನೀವು ಕನ್ನಡದಲ್ಲೇ ಹೇಳ್ತೀರಾ? ನಾನು ಯುರೋಪಲ್ಲಿ ಎಷ್ಟೊಂದು ವಾಕಿಂಗ್ ಟೂರ್ ಮಾಡಿದೀನಿ, ಒಂದರಲ್ಲೂ ನನ್ನ ಭಾಷೆ ಕೇಳಿಲ್ಲ!" ಸಿಸ್ಟರಿಗೂ ಖುಷಿ. ಅಷ್ಟು ವರ್ಷದಲ್ಲಿ ಓಣಿಗಳನ್ನು ಕನ್ನಡದಲ್ಲಿ ತೋರಿಸಿದ್ದು ಅದೇ ಮೊದಲು. ಆ ದಿನ ಆಕೆಯ ಮಾತಿಗೆ ಲಗಾಮೇ ಇರಲಿಲ್ಲ, ನಾನೇ ಬೆರಗಾದೆ.

ಯುಮ್ಮಾನ ಮನೆಯಲ್ಲಿ ಕಾಫಿ ಮುಗಿಸಿ ಹೊರಗೆ ಬಂದು, ಬಾಗಿಲ ಪಕ್ಕದ ಜಗಲಿಯಲ್ಲಿ ಕುಳಿತರು. ಹುಡುಗಿ ಇದ್ದಕ್ಕಿದ್ದಂತೆ ಅಳಲು ಶುರು ಮಾಡಿದಳು. ಅವಳ ತಂದೆಗೆ ನೆನಪು ಹೋಗಿದೆಯಂತೆ. ಮನೆ ಬಿಟ್ಟು ಎಲ್ಲೆಲ್ಲೋ ಹೋಗಿಬಿಡುತ್ತಾರಂತೆ. "ಅಮ್ಮ ಅಪ್ಪನ್ನ ರೂಮಲ್ಲಿ ಕೂಡಿಹಾಕಿ ಹೊರಗಿಂದ ಚಿಲಕ ಹಾಕ್ತಾಳೆ ಆಂಟಿ. ನಾನು ಫೋನಲ್ಲಿ ಅವಳಿಗೆ ತುಂಬ ಕೆಟ್ಟದಾಗಿ ಬೈದೆ. ಈಗ ಯಾವ ಮುಖ ಇಟ್ಕೊಂಡು ಮನೆಗೆ ಹೋಗ್ಲಿ?"

ಸಿಸ್ಟರ್ ಅವಳ ಕೈ ಹಿಡಿದುಕೊಂಡರು, ನಾಡಿ ನೋಡುವ ಹಾಗೆ. ಇಂಗ್ಲಿಷಿನಲ್ಲಿ, ಅರಬ್ಬಿಯಲ್ಲಿ ಯಾವತ್ತೂ ಆಡದ ಮಾತನ್ನು ಕನ್ನಡದಲ್ಲಿ ಆಡಿದರು. ಮುಹರ್ರಕ್‌ನ ಓಣಿಯಲ್ಲಿ ಕನ್ನಡ ಯಾರಿಗೆ ತಿಳಿಯುತ್ತದೆ?

"ಮೇಲೆ ಕಾಣ್ತದಲ್ಲ, ಆ ಕಿಟಕಿ. ಯುಮ್ಮಾನ ಗಂಡನಿಗೂ ಅದೇ ಕಾಯಿಲೆ ಮಗಾ. ಪೂರ್ತಿ ಹಾಸಿಗೆ ಹಿಡಿಯುವ ಮೊದಲು, ಬೆಳಗಾಗುವುದಕ್ಕೂ ಮುಂಚೆ ಎದ್ದು ಸಮುದ್ರಕ್ಕೆ ಅಂತ ಹೊರಡ್ತಿದ್ರು. ಮಕ್ಕಳು ಬೀಗ ಹಾಕುವ ಅಂದ್ರು, ಯುಮ್ಮಾ ಬಿಡ್ಲಿಲ್ಲ. ತನ್ನ ತಲೆವಸ್ತ್ರದ ಒಂದು ತುದಿ ಅವರ ಕೈಗೆ ಕಟ್ಟಿ, ಇನ್ನೊಂದು ತುದಿ ತನ್ನ ಕೈಗೆ ಕಟ್ಟಿಕೊಂಡು ಮಲಗ್ತಿದ್ರು. ಅವರು ಎದ್ರೆ ಇವರಿಗೂ ಎಚ್ಚರ. ಅಜ್ಜ ಸಿಟ್ಟಲ್ಲಿ ಎಳೆದು ಎಳೆದು ಇವರ ಕೈ ಗಾಯ ಆಗ್ತಿತ್ತು, ನಾನೇ ಮದ್ದು ಹಚ್ಚಿದ್ದು. ನಿನ್ನ ಅಮ್ಮನೂ ಚಿಲಕ ಹಾಕಿ ಬಾಗಿಲ ಹೊರಗೆ ಕೂತು ಅಳ್ತಿರಬಹುದು. ಹೋಗಿ ಅವಳಿಗೆ ಬೈಬೇಡ."

ಹುಡುಗಿ ಸಿಸ್ಟರನ್ನು ಅಪ್ಪಿಕೊಂಡು ಮನಸಾರೆ ಅತ್ತು, ಕಣ್ಣೊರೆಸಿಕೊಂಡು, ಬಾಗಿಲಿನ ಫೋಟೋ ತೆಗೆದುಕೊಂಡು ಹೋದಳು. ಒಂದು ವಾರದೊಳಗೆ ಅದನ್ನು ಇಂಗ್ಲಿಷಿನಲ್ಲಿ ಬರೆದು, ಫೋಟೋ ಹಾಕಿ, ಊರ ಹೆಸರು ಸಮೇತ ಎಲ್ಲರಿಗೂ ಕಾಣುವ ಹಾಗೆ ಇಂಟರ್‌ನೆಟ್ಟಿಗೆ ಏರಿಸಿದಳು. ಒಳ್ಳೆಯ ಮನಸ್ಸಿನಿಂದಲೇ ಬರೆದದ್ದು, ಓದಿದರೆ ಕಣ್ಣು ತುಂಬುತ್ತದೆ. ಆದರೆ ಒಬ್ಬರಿಂದ ಒಬ್ಬರಿಗೆ ದಾಟುತ್ತಾ ದಾಟುತ್ತಾ ಉದ್ದದ ಬರಹ ಉದುರಿಹೋಗಿ, ಬಾಗಿಲಿನ ಫೋಟೋ ಮತ್ತು ಒಂದು ಸಾಲು ಮಾತ್ರ ಉಳಿಯಿತು: ಮತಿ ಕೆಟ್ಟ ಗಂಡನನ್ನು ಹೆಂಡತಿ ಕಟ್ಟಿಹಾಕಿದ ಮನೆ. ಇದು ಚಿಕ್ಕ ದ್ವೀಪ. ಬಾಗಿಲು ನೋಡಿದರೆ ಮನೆ ಯಾರದು ಎಂದು ಎಲ್ಲರಿಗೂ ಗೊತ್ತು.

ಯುಮ್ಮಾನ ಮೊಮ್ಮಗ ಡಿಪ್ಲೊಮ್ಯಾಟಿಕ್ ಏರಿಯಾದ ಒಂದು ಬ್ಯಾಂಕಿನಲ್ಲಿ ಆಫೀಸರ್. ಅವನ ಆಫೀಸಿನಲ್ಲೇ ಯಾರೋ ಅದನ್ನು ತೋರಿಸಿ ನಕ್ಕರಂತೆ. ನೇರವಾಗಿ ನಮ್ಮ ಟೂರ್ ಆಫೀಸಿಗೆ ಬಂದ. ನಾನು ಅಲ್ಲೇ ಇದ್ದೆ. ಅವನು ಕೂಗಾಡಿದ್ದರೆ ಚೆನ್ನಾಗಿತ್ತು. ಮುಂದಿಟ್ಟ ಗಹ್ವಾ ಮುಟ್ಟಲಿಲ್ಲ, ನಿಂತೇ ಮಾತಾಡಿದ. "ಸಿಸ್ಟರ್, ನನ್ನ ಅಜ್ಜ ಕೊನೆಯುಸಿರು ಬಿಡುವಾಗ ಅವರ ತಲೆ ನಿಮ್ಮ ಕೈಯಲ್ಲಿತ್ತು. ನಿಮಗೆ ನಾನು ಏನೂ ಹೇಳುವ ಹಾಗಿಲ್ಲ. ಇನ್ನು ಬರಬೇಡಿ, ಅಷ್ಟೇ." ಸಿಸ್ಟರ್ ತಲೆ ಆಡಿಸಿದರು.

ನನಗೆ ಮಂಡೆ ಬೆಚ್ಚ ಆಯಿತು. ಅವನು ಹೋದದ್ದೇ ತಡ ಹೇಳಿದೆ, "ಬರೆದದ್ದು ಆ ಹುಡುಗಿ ಅಂತ ಹೇಳ್ಲಿಕ್ಕೆ ನಿಮಗೆ ಎಂತ ಆಗಿತ್ತು?"

"ಹೇಳಿದ್ದು ನಾನಲ್ವಾ ಬ್ಯಾರಿಗಳೇ."

"ಒಳ್ಳೇದಕ್ಕೆ ಹೇಳಿದ್ದಲ್ವಾ?"

"ಅವರಿಗೆ ಅದರಿಂದ ಎಂತ ಒಳ್ಳೇದಾಯ್ತು?"

ಹುಡುಗಿಗೆ ತಿಳಿಸಿದೆವು. ಪಾಪ, ಆ ಕ್ಷಣವೇ ಅಳಿಸಿದಳು, ಫೋನ್ ಮಾಡಿ ಅತ್ತಳು, ತಾನೇ ಬಂದು ಆ ಮನೆಯವರ ಕಾಲು ಹಿಡಿಯುತ್ತೇನೆ ಎಂದಳು. ಸಿಸ್ಟರ್ ಅವಳನ್ನು ಸಮಾಧಾನ ಮಾಡಿ, ತಂದೆಗೆ ಹೇಗಿದೆ ಎಂದು ವಿಚಾರಿಸಿದರು.

ಆಮೇಲೂ ಟೂರ್ ನಡೆಯಿತು, ಆ ಓಣಿಯೊಂದನ್ನು ಬಿಟ್ಟು. ಅತಿಥಿಗಳಿಗೆ ಏನೂ ಕೊರತೆ ಕಾಣಲಿಲ್ಲ. ಗಾಳಿಗೋಪುರ ನೋಡಿದರು, ಅಂಗಡಿಯಲ್ಲಿ ಹಲ್ವಾ ಕೊಂಡರು, ಚೆನ್ನಾಗಿತ್ತು ಎಂದು ಹೇಳಿ ಹೋದರು. ಓಣಿಯ ತಿರುವು ಬಂದಾಗ ಮಾತ್ರ ಸಿಸ್ಟರ್ ಬಗ್ಗಿ ಶೂ ದಾರ ಕಟ್ಟಿಕೊಳ್ಳುವರು. ಕಟ್ಟುವಂಥದ್ದು ಏನೂ ಇರುತ್ತಿರಲಿಲ್ಲ. ಬಗ್ಗಿದಲ್ಲಿಂದ ಆ ಬಾಗಿಲು ಕಾಣುತ್ತಿತ್ತು. ಅದನ್ನು ನೋಡಲಾಗದೆ ನಾನು ಮತ್ತೆ ಕಾರಿನಲ್ಲೇ ಕೂರತೊಡಗಿದೆ.

ಬೇಸಿಗೆಗೆ ಮೊದಲು ಆ ಓಣಿಯ ಕೋಲ್ಡ್ ಸ್ಟೋರಿನ, ಅದೇ ದಿನಸಿ ಅಂಗಡಿಯ, ಕಾಸರಗೋಡಿನವನು ಒಂದು ಸುದ್ದಿ ಹೇಳಿದ. ಯುಮ್ಮಾನ ಕಾಲು ಮತ್ತೆ ಹುಣ್ಣಾಗಿದೆ, ಈ ಸಲ ಬೆರಳು ಕಪ್ಪಾಗಿದೆ, ಕೋಣೆಯಲ್ಲಿ ವಾಸನೆ ಬರುತ್ತದೆ ಎಂದು ಮನೆಯ ಕೆಲಸದವಳು ಹೇಳಿದ್ದಳಂತೆ. ಕೇಳಿದ್ದೇ ಸಿಸ್ಟರ್ ಚೀಲ ಹೆಗಲಿಗೆ ಹಾಕಿಕೊಂಡು ನಡೆದೇಬಿಟ್ಟರು. ಬಾಗಿಲು ತೆರೆದವಳು ಯುಮ್ಮಾನ ಮಗಳು, ಆ ಮೊಮ್ಮಗನ ತಾಯಿ. "ಯುಮ್ಮಾ ಮಲಗಿದ್ದಾರೆ," ಎಂದಳು. ಮರುದಿನ ಮತ್ತೆ ಹೋದರು. ಮಲಗಿದ್ದಾರೆ. ಆಮೇಲೊಂದು ದಿನ, "ನಾನು ಮಾತಾಡುದಿಲ್ಲ, ಕಾಲು ಮಾತ್ರ ನೋಡಿ ಹೋಗ್ತೇನೆ," ಎಂದು ಅರಬ್ಬಿಯಲ್ಲಿ ಬೇಡಿಕೊಂಡರು. ನಾನು ಹಿಂದೆಯೇ ನಿಂತಿದ್ದೆ. ಆ ಮಗಳ ಕಣ್ಣಲ್ಲೂ ನೀರಿತ್ತು. ಆದರೂ ಬಾಗಿಲು ಹಾಕಿಕೊಂಡಳು. ಆಸ್ಪತ್ರೆಗೆ ಕರೆದುಕೊಂಡು ಹೋಗಿ ಎಂದು ಹೇಳಬೇಕೆಂದಿದ್ದ ಮಾತನ್ನು ಸಿಸ್ಟರ್ ಮುಚ್ಚಿದ ಬಾಗಿಲಿಗೆ ಹೇಳಿದರು.

ಕರೆದುಕೊಂಡು ಹೋದರು, ತಡವಾಗಿ. ಕಾಲು ತೆಗೆದರು. ರಮದಾನಿನ ಮೊದಲ ವಾರ ಯುಮ್ಮಾ ತೀರಿಕೊಂಡರು.

ಇಲ್ಲಿ ಸಾವಿನ ಮನೆಯ ಬಾಗಿಲು ಮೂರು ದಿನ ತೆರೆದೇ ಇರುತ್ತದೆ. ದುಃಖ ಹೇಳಲು ಬಂದವರನ್ನು ಯಾರು, ಎತ್ತ ಎಂದು ಕೇಳುವ ಪದ್ಧತಿ ಇಲ್ಲ. ಶತ್ರು ಬಂದರೂ ಕೂರಿಸುತ್ತಾರೆ. ಎರಡನೆಯ ದಿನ ಸಿಸ್ಟರ್ ಕಪ್ಪು ಅಬಾಯ ತೊಟ್ಟು, ತಲೆ ಮುಚ್ಚಿಕೊಂಡು, "ಬ್ಯಾರಿಗಳೇ, ಹೋಗುವ," ಎಂದರು. ನಾನು ಗಂಡಸರ ಕಡೆ ಕೂತೆ, ಆಕೆ ಹೆಂಗಸರ ಕಡೆ ಹೋದರು. ಮೊಮ್ಮಗ ನನ್ನ ಕೈ ಹಿಡಿದು, ಬಿಡದೆ ಸ್ವಲ್ಪ ಹೊತ್ತು ನಿಂತ.

ಸಿಸ್ಟರ್ ಹೊರಗೆ ಬಂದಾಗ ನೆಟ್ಟಗೆ ನಡೆಯುತ್ತಿದ್ದರು. ಕಾರಿನಲ್ಲಿ ಕೂತು ಬೆಲ್ಟ್ ಹಾಕಿಕೊಂಡರು. ಸೇತುವೆ ದಾಟಿ ಮನಾಮಾ ಬಂತು. ಆಮೇಲೆ ಹೇಳಿದರು.

"ಮಗಳು ಹೇಳಿದ್ಳು, ಯುಮ್ಮಾ ದಿನಾ ನನ್ನನ್ನು ಕೇಳ್ತಿದ್ರಂತೆ. ಬಿಂತಿ ಎಲ್ಲಿ, ಬಿಂತಿ ಯಾಕೆ ಬರ್ಲಿಲ್ಲ ಅಂತ. ಫೋನಲ್ಲಿ ಬಂದದ್ದು ಯುಮ್ಮಾಂಗೆ ಗೊತ್ತೇ ಇರ್ಲಿಲ್ಲ, ಮನೆಯವರು ಹೇಳ್ಲಿಲ್ಲ. ಕೇಳಿ ಕೇಳಿ ಕೊನೆಗೆ, ಸಿಸ್ಟರ್ ಇಂಡಿಯಾಕ್ಕೆ ಹೋಗಿಬಿಟ್ರು ಅಂದ್ರಂತೆ."

ನಾನು ಕಾರನ್ನು ಬದಿಗೆ ನಿಲ್ಲಿಸಿದೆ.

"ಅದಕ್ಕೆ ಯುಮ್ಮಾ ಎಂತ ಹೇಳಿದ್ರು ಗೊತ್ತುಂಟಾ? 'ನನಗೆ ಹೇಳದೆ ಹೋದಳಾ?' ಅಂದ್ರಂತೆ. ಮತ್ತೆ ಕೇಳ್ಲೇ ಇಲ್ಲವಂತೆ."

ಆಕೆ ಅಳಲಿಲ್ಲ. ಅತ್ತದ್ದು ನಾನು, ಸ್ಟಿಯರಿಂಗಿಗೆ ತಲೆ ಇಟ್ಟು, ನಾಚಿಕೆ ಬಿಟ್ಟು. ಆ ಮುದುಕಿಗಾಗಿ ಊರು ಬಿಟ್ಟು ಕೂತ ಹೆಂಗಸು, ಆ ಮುದುಕಿಯ ಲೆಕ್ಕದಲ್ಲಿ ಬೆನ್ನು ಹಾಕಿ ಹೋದವಳಾದಳು. ಇನ್ನು ಅದನ್ನು ತಿದ್ದಲು ಯಾರಿಂದ ಸಾಧ್ಯ?

ಹಬ್ಬ ಮುಗಿಯುತ್ತಲೇ ವೀಸಾ ಕ್ಯಾನ್ಸಲ್ ಮಾಡಿಸಿ ಟಿಕೆಟ್ ತೆಗೆದರು. ಎಂಥ ಮಾಡಿದರೂ ನಿಲ್ಲಲಿಲ್ಲ. ಹೊರಡುವ ದಿನ ನಾನೇ ಈಸಾ ಟೌನ್‌ನಿಂದ ಸಾಮಾನು ಹಾಕಿಕೊಂಡು ಹೊರಟೆ. ವಿಮಾನ ನಿಲ್ದಾಣ ಇರುವುದೂ ಮುಹರ್ರಕ್‌ನಲ್ಲೇ. ಹಳೇ ಪೇಟೆಯ ಹತ್ತಿರ ಬಂದಾಗ ನಿಲ್ಲಿಸಿ ಎಂದರು. ಬಿಸಿಲು ಉರಿಯುತ್ತಿತ್ತು, ಓಣಿಯಲ್ಲಿ ಒಂದು ನರಪಿಳ್ಳೆ ಇರಲಿಲ್ಲ. ಆಕೆ ಹೋಗಿ ಆ ಬಾಗಿಲಿನ ಮುಂದೆ ನಿಂತರು. ತಟ್ಟಲಿಲ್ಲ. ಕಿವಿ ಮಂದವಾದವರನ್ನು ಕರೆಯುವಾಗ ಕೂಗುತ್ತೇವಲ್ಲ, ಅಷ್ಟು ದೊಡ್ಡ ದನಿಯಲ್ಲಿ, ಅರಬ್ಬಿಯಲ್ಲಿ ಹೇಳಿದರು: "ಯುಮ್ಮಾ, ನಾನು ಊರಿಗೆ ಹೋಗ್ತಾ ಇದ್ದೇನೆ."

ಒಳಗೆ ಯಾರಾದರೂ ಇದ್ದರೋ ಇಲ್ಲವೋ. ಆಕೆ ಸ್ವಲ್ಪ ಹೊತ್ತು ಕಾದರು. ಮತ್ತೆ ಬಂದು ಕಾರು ಹತ್ತಿ ಬಾಗಿಲು ಎಳೆದುಕೊಂಡರು.

"ನಡೀರಿ ಬ್ಯಾರಿಗಳೇ. ಹೇಳಿ ಆಯ್ತು."